ಕನ್ನಡದಲ್ಲಿ ಹೇಳಿದ ಮಾತು

ಬೆಳಗಿನಿಂದ ಮೂರು ಸಲ ಉಡುಪು ಬದಲಾಯಿಸಿದ ಮೇಲೆ ರೆಬೆಕಾಗೆ ತನ್ನ ಬಗ್ಗೆಯೇ ನಾಚಿಕೆಯಾಯಿತು. ಟೀವಿಯ ಒಳಗಿನವರಿಗೆ ಹೊರಗೆ ಕೂತವರು ಕಾಣುವುದಿಲ್ಲ ಎಂಬಷ್ಟು ಬುದ್ಧಿ ಎಪ್ಪತ್ತೇಳನೆಯ ವಯಸ್ಸಿಗೆ ಬಂದಿರಬೇಕಿತ್ತು. ಲಂಡನ್ನಿನಿಂದ ತಂದಿದ್ದ ಒಂದೇ ಒಂದು ಸೀರೆಯನ್ನು, ಐವತ್ತು ವರ್ಷ ಸ್ಕರ್ಟು ಕೋಟುಗಳಲ್ಲೇ ಕಳೆದ ಕೈಗಳಿಗೆ ನೆರಿಗೆ ಮರೆತುಹೋಗಿದ್ದರೂ, ಹೇಗೋ ಸುತ್ತಿಕೊಂಡು, ಕನ್ನಡಿಯಲ್ಲಿ ವೇಷ ಹಾಕಿದವಳಂತೆ ಕಂಡು, ಬಿಚ್ಚಿ, ಸ್ಕರ್ಟು ತೊಟ್ಟು, ಗ್ರೇಸ್ ಏನೆಂದುಕೊಳ್ಳುತ್ತಾಳೋ ಎಂದು ಮತ್ತೆ ಸೀರೆಗೇ ಬಂದಿದ್ದಳು. ಗ್ರೇಸ್ ಏನೂ ಅಂದುಕೊಳ್ಳುವುದಿಲ್ಲ. ಮ್ಯೂನಿಕ್ಕಿನ ಈ ಮೂರನೆಯ ಮಹಡಿಯ ಮನೆಯಲ್ಲಿ ಹದಿನಾರು ದಿನಗಳಿಂದ ತಾಯಿ ಮಗಳು ಒಂದೇ ಕೋಣೆಯಲ್ಲಿ ಮಲಗುತ್ತಿದ್ದರೂ ಮಗಳು ತನ್ನ ಬಗ್ಗೆ ಏನಾದರೂ ಅಂದುಕೊಂಡ ಗುರುತು ರೆಬೆಕಾಗೆ ಸಿಕ್ಕಿರಲಿಲ್ಲ. ಸಿಟ್ಟಾದರೂ ಕಂಡಿದ್ದರೆ ಹಿಡಿದುಕೊಳ್ಳಲು ಒಂದು ತುದಿ ಸಿಗುತ್ತಿತ್ತು. ಮೊಮ್ಮಗಳನ್ನು ನೋಡಿಕೊಳ್ಳಲು ಮಂಗಳೂರಿನಿಂದ ಬಂದ ಐವತ್ತೇಳರ ಈ ಹೆಂಗಸು ಬೆಳಿಗ್ಗೆ ಏಳುತ್ತಾಳೆ, ಕನ್ನಡ ಬೈಬಲ್ ಓದುತ್ತಾಳೆ, ಮುದುಕಿಗೆ ಚಾ ಕೊಡುತ್ತಾಳೆ, "ಸಕ್ಕರೆ ಸಾಕಾ?" ಎಂದು ಕೇಳುತ್ತಾಳೆ. ಅಮ್ಮಾ ಅನ್ನುವುದಿಲ್ಲ. ಆ ಹೆಸರನ್ನು ತನ್ನನ್ನು ಸಾಕಿದ ಅಜ್ಜಿಗೆ ಎಂದೋ ಕೊಟ್ಟುಬಿಟ್ಟಿದ್ದಾಳೆ. ಬೇರೆ ಹೆಸರನ್ನೂ ಅನ್ನುವುದಿಲ್ಲ. ಕರೆಯದೆಯೇ ಮಾತು ಶುರುಮಾಡುವುದು ಅವಳಿಗೆ ಚೆನ್ನಾಗಿ ಅಭ್ಯಾಸವಾಗಿದೆ.

ಗ್ರೇಸ್‌ಳ ಮಗ ಡೆನಿಸ್ ಜರ್ಮನಿಯ ಗ್ರೀನ್ ಕಾರ್ಡಿನ ಮೇಲೆ ಬಂದ ಚಿಪ್ ಎಂಜಿನಿಯರ್. ಹಳೆಯ ಬೈಬಲಿನೊಳಗೆ ಸಿಕ್ಕಿದ ಒಂದು ಲಕೋಟೆಯ ಹಿಂಬದಿಯ ವಿಳಾಸಕ್ಕೆ ಕಾಗದ ಬರೆದು, ಲಂಡನ್ನಿನಲ್ಲಿ ಒಬ್ಬಳೇ ಇದ್ದ ಅಜ್ಜಿಯನ್ನು ಪತ್ತೆಮಾಡಿ, ಟಿಕೆಟ್ ಕಳಿಸಿ ಕರೆಸಿಕೊಂಡವನು ಅವನೇ. ತಾಯಿಯನ್ನೂ ಅಜ್ಜಿಯನ್ನೂ ಒಂದೇ ಸೂರಿನ ಕೆಳಗೆ ಕೂರಿಸಿದರೆ ಉಳಿದದ್ದು ತಾನಾಗಿ ಆಗುತ್ತದೆಂದು ನಂಬಿದ್ದ. ಅವನಿಗೆ ಪುರಸೊತ್ತಿರಲಿಲ್ಲ; ಕಂಪನಿಯಲ್ಲಿ ಜನರನ್ನು ಕೆಲಸದಿಂದ ತೆಗೆಯುತ್ತಿದ್ದರು, ಕಾರ್ಡಿನ ಐದು ವರ್ಷದಲ್ಲಿ ಇನ್ನು ಉಳಿದದ್ದು ಎರಡೇ. ಹೋದ ವಾರ ಟೀವಿ ಪತ್ರಿಕೆ ತಿರುವುತ್ತಿದ್ದವನು ಕೂಗಿಕೊಂಡಿದ್ದ: "ಅಜ್ಜಿ, ನಿಮ್ಮ ಪಿಕ್ಚರ್ ಉಂಟು! ಸಾಟರ್ಡೇ, ಟೂ ಟೆನ್ನಿಗೆ. ಬಟ್ ಅದು ಮಿಟಾಗ್ಸ್‌ರೂಹೆ ಟೈಮ್. ಒಂದರಿಂದ ಮೂರು ಗಂಟೆ ತನಕ ಸೌಂಡ್ ಮಾಡ್ಲಿಕ್ಕಿಲ್ಲ ಇಲ್ಲಿ. ವಾಲ್ಯೂಮ್ ಸ್ವಲ್ಪ ಕಮ್ಮಿ ಇಡ್ಬೇಕಾಗ್ತದೆ, ಇಲ್ಲದಿದ್ರೆ ಕೆಳಗಿನ ಮನೆಯ ಫ್ರಾವ್ ಕಂಪ್ಲೇಂಟ್ ಲೆಟರ್ ಬರೀತಾಳೆ." ಗ್ರೇಸ್ ಬೀನ್ಸ್ ಹೆಚ್ಚುತ್ತಿದ್ದಳು. ತಲೆ ಎತ್ತಲಿಲ್ಲ. "ಮಮ್ಮಿ, ನೀವೂ ಕೂತ್ಕೊಳ್ಬೇಕು," ಅಂದ ಡೆನಿಸ್. "ಆಯ್ತು, ಕೂತ್ಕೊಳ್ಳುವಾ," ಅಂದಳು ಗ್ರೇಸ್. ಆ ಒಂದು ಮಾತಿನ ಮೇಲೆ ರೆಬೆಕಾ ಒಂದು ವಾರ ಬದುಕಿದಳು.

ಹನ್ನೊಂದು ಸಿನೆಮಾ. ಯಾರಾದರೂ ಕೇಳಿದರೆ ಹನ್ನೊಂದು ಎಂದು ಹೇಳಿ ಸುಮ್ಮನಾಗುತ್ತಿದ್ದಳು, ಮುಂದಿನ ಪ್ರಶ್ನೆ ಬರುವುದರೊಳಗೆ ಬೇರೆ ಮಾತು ತೆಗೆಯುತ್ತಿದ್ದಳು. ಯುದ್ಧ ಮುಗಿದು ನಾಲ್ಕು ವರ್ಷವಾಗಿತ್ತು, ಮಗಳನ್ನು ತಾಯಿಯ ಹತ್ತಿರ ಬಿಟ್ಟು ನರ್ಸಿಂಗ್ ಕಲಿಯಲು ಲಂಡನ್ನಿಗೆ ಹೋಗಿದ್ದಳು, ಆಸ್ಪತ್ರೆಯ ಹೊರಗೆ ಒಬ್ಬ ಏಜೆಂಟು ಮುಖ ನೋಡಿ ಚೀಟಿ ಕೊಟ್ಟಿದ್ದ. ಆ ವರ್ಷಗಳಲ್ಲಿ ಇಂಗ್ಲಿಷರಿಗೆ ಕೈಬಿಟ್ಟುಹೋಗುತ್ತಿದ್ದ ದೇಶಗಳನ್ನೆಲ್ಲ ಸ್ಟುಡಿಯೋದೊಳಗೆ ಕಟ್ಟಿ ನೋಡುವ ಚಪಲ; ಬರ್ಮಾ, ಮಲಯ, ಈಜಿಪ್ಟು, ಎಲ್ಲದಕ್ಕೂ ಕಂದು ಮುಖಗಳು ಬೇಕು. ಆಯಾ ಆದಳು, ಬೀಸಣಿಗೆ ಬೀಸಿದಳು, ಒಮ್ಮೆ ಅರಬರ ಸಂತೆಯಲ್ಲಿ ಮಡಕೆ ಹೊತ್ತು ಹಾದುಹೋದಳು. ಮುಖ್ಯ ರಾಜಕುಮಾರಿಯ ಪಾತ್ರ ಮಾತ್ರ ಮೈಗೆ ಕಂದು ಬಣ್ಣ ಬಳಿದುಕೊಂಡ ಇಂಗ್ಲಿಷ್ ಹುಡುಗಿಯರದು. ಅವರಿಗೆ ಸೀರೆ ಉಡಿಸುವುದು ರೆಬೆಕಾಳ ಕೆಲಸ. ಮೂರು ಸಿನೆಮಾಗಳಲ್ಲಿ ಅವಳಿಗೂ ಇಂಗ್ಲಿಷ್ ಮಾತಿತ್ತು. ಆದರೆ ಮಂಗಳೂರಿನ ಮಿಷನ್ ಶಾಲೆಯಲ್ಲಿ ಕಲಿತ ಅವಳ ಇಂಗ್ಲಿಷ್ ಪೂರ್ವದೇಶದವರ ಇಂಗ್ಲಿಷಿನ ಹಾಗೆ ಕೇಳಿಸುವುದಿಲ್ಲವೆಂದು ಒಬ್ಬ ಇಂಗ್ಲಿಷ್ ನಟಿಯ ಕೈಯಲ್ಲಿ ಆ ಮಾತುಗಳನ್ನು ಮುರಿದು ಮುರಿದು ಹೇಳಿಸಿ ಅಂಟಿಸಿದರು. ರೀಬಾ ಲೇನ್ ಎಂದು ಅವರೇ ಹೆಸರಿಟ್ಟಿದ್ದರು. ಹೆಚ್ಚಿನ ಸಲ ಆ ಹೆಸರನ್ನೂ ಹಾಕಲಿಲ್ಲ. ಹೀಗೆ ಹನ್ನೊಂದು ಸಿನೆಮಾಗಳಲ್ಲಿ ರೆಬೆಕಾಳ ಸ್ವಂತ ದನಿ ಇದ್ದದ್ದು ಒಂದರಲ್ಲಿ, ಒಂದೇ ಮಾತಿನಲ್ಲಿ, ಅದೂ ಕನ್ನಡದಲ್ಲಿ. ಇವತ್ತು ಎರಡು ಹತ್ತಕ್ಕೆ ಬರುವುದು ಆ ಸಿನೆಮಾ.

ಆ ಮಾತನ್ನು ಗ್ರೇಸ್ ಕೇಳಬೇಕು. ರೆಬೆಕಾಗೆ ಇನ್ನೇನೂ ಬೇಡ. ಎದುರು ಕೂತು ಹೇಳಲು ಹದಿನಾರು ದಿನ ಪ್ರಯತ್ನಿಸಿದ್ದಾಳೆ, ಬಾಯಿ ತೆರೆದಾಗಲೆಲ್ಲ ಹವಾಮಾನದ ಮಾತು ಬಂದಿದೆ. ಈಗ ಹೇಳಿದರೆ ಮುದುಕಿಯ ಸಮಜಾಯಿಷಿಯಾಗುತ್ತದೆ, ಸಾಯುವ ಮುಂಚೆ ಎಲ್ಲರೂ ಹೇಳುವುದೇ ಅದು. ಆದರೆ ಐವತ್ತು ವರ್ಷದ ಹಿಂದೆ, ತಲೆಗೂದಲು ಕಪ್ಪಗಿದ್ದಾಗ, ಯಾರೂ ಕೇಳದೆ ಇದ್ದಾಗ ಆಡಿದ ಮಾತು ಬೇರೆ, ಅದು ಸಾಕ್ಷಿ. ಇಲ್ಲಿನ ಟೀವಿಯಲ್ಲಿ ಎಲ್ಲರೂ ಜರ್ಮನ್ ಮಾತಾಡುವುದನ್ನು ಅವಳು ನೋಡಿದ್ದಳು, ಕುದುರೆ ಮೇಲಿನ ಅಮೆರಿಕನ್ನರೂ ಜರ್ಮನ್ ಮಾತಾಡಿದ್ದರು. ಅದನ್ನೂ ಯೋಚಿಸಿದ್ದಳು. ಇಂಗ್ಲಿಷನ್ನು ಜರ್ಮನ್ ಮಾಡುತ್ತಾರೆ, ಮಾಡಲಿ. ಇಂಗ್ಲಿಷರಿಗೇ ಅರ್ಥವಾಗಬಾರದೆಂದು ಇಟ್ಟ ಮಾತನ್ನು ಯಾರು, ಯಾರಿಗಾಗಿ, ಏನು ಮಾಡುತ್ತಾರೆ? ಅದನ್ನು ಇದ್ದ ಹಾಗೇ ಬಿಟ್ಟಿರುತ್ತಾರೆ. ರಾತ್ರಿ ಎಚ್ಚರವಾದಾಗ ಈ ವಾದವನ್ನು ಹಿಂದೆ ಮುಂದೆ ತಿರುಗಿಸಿ ನೋಡಿ ಎಲ್ಲೂ ಬಿರುಕಿಲ್ಲವೆಂದು ಖಾತ್ರಿ ಮಾಡಿಕೊಂಡಿದ್ದಳು.

ಊಟಕ್ಕೆ ಗ್ರೇಸ್ ಗಂಜಿ ಮಾಡಿದ್ದಳು, ಜೊತೆಗೆ ಒಣಮೀನಿನ ಚಟ್ನಿ. ಡೆನಿಸ್‌ನ ಹೆಂಡತಿ ಶನಿವಾರದ ಜರ್ಮನ್ ಕ್ಲಾಸಿಗೆ ಹೋಗಿದ್ದಳು, ಅವಳಿಲ್ಲದಾಗ ಮಾತ್ರ ಕಿಟಕಿ ತೆರೆದು ಮೀನು ಹುರಿಯುವುದು. "ಸೀರೆ ಉಟ್ಟಿದ್ದೀರಿ," ಅಂದಳು ಗ್ರೇಸ್. "ಹೌದು, ಸುಮ್ಮನೆ," ಅಂದಳು ರೆಬೆಕಾ. "ಸೆರಗು ಗಂಜಿಗೆ ತಾಗ್ತದೆ," ಎಂದು ಗ್ರೇಸ್ ಬಗ್ಗಿ ಸೆರಗನ್ನು ಎತ್ತಿ ಅವಳ ಹೆಗಲ ಮೇಲಿಟ್ಟಳು. ಬೆರಳು ಹೆಗಲಿಗೆ ತಾಗಿತು. ಇಷ್ಟು ವರ್ಷಗಳಲ್ಲಿ ಮಗಳು ತನ್ನನ್ನು ಮುಟ್ಟಿದ್ದು ಎಷ್ಟು ಸಲವೆಂದು ರೆಬೆಕಾ ನೆನಪುಮಾಡಿಕೊಂಡಳು. ಅರುವತ್ತೆಂಟರಲ್ಲಿ ಗ್ರೇಸ್‌ಳ ಮದುವೆಗೆಂದು ಮಂಗಳೂರಿಗೆ ಹೋಗಿದ್ದಳು; ಚರ್ಚಿನಲ್ಲಿ ಮೊದಲ ಸಾಲಿನಲ್ಲಿ ತನ್ನ ತಾಯಿ ಕೂತಿದ್ದರು, ಹುಡುಗಿಯ ತಾಯಿಯ ಜಾಗದಲ್ಲಿ. ಬಾಗಿಲ ಹತ್ತಿರ ನಿಂತ ಹಿರಿಯರೊಬ್ಬರು ಇವಳ ಟೋಪಿ ಗ್ಲೌಸು ನೋಡಿ "ಪ್ಲೀಸ್ ಮ್ಯಾಡಮ್" ಎಂದು ಮೂರನೆಯ ಸಾಲಿಗೆ ಕರೆದೊಯ್ದು, ಮಿಷನ್ನಿನ ಅತಿಥಿಗಳ ಜೊತೆ ಕೂರಿಸಿದರು. ಅವಳು ಅಲ್ಲೇ ಕೂತಳು. ನಾನು ತಾಯಿ ಎಂದು ಹೇಳುವುದಕ್ಕೆ ಎರಡು ಸೆಕೆಂಡು ಸಾಕಿತ್ತು. ಮದುಮಗಳು ಎಲ್ಲರ ಕೈಕುಲುಕಿದ ಹಾಗೆ ಇವಳ ಕೈಯನ್ನೂ ಕುಲುಕಿದ್ದಳು. ಅದು ಒಂದು ಸಲ. ಇವತ್ತಿನದು ಎರಡನೆಯದು. ಗಂಜಿ ಆರುತ್ತಿತ್ತು, "ಉಣ್ಣಿ," ಅಂದಳು ಗ್ರೇಸ್.

ಎರಡು ಹತ್ತಕ್ಕೆ ನಾಲ್ವರೂ ಸೋಫಾದ ಸುತ್ತ ಕೂತರು. ಡೆನಿಸ್‌ನ ಮಗಳು, ನಾಲ್ಕು ವರ್ಷದ ಲಿಯೋನಾ, ನೆಲದ ಮೇಲೆ ಬಣ್ಣದ ಪೆನ್ಸಿಲ್ ಹರವಿಕೊಂಡಿದ್ದಳು. ಅವಳಿಗೆ ಗ್ರೇಸ್ ಓಮಾ, ರೆಬೆಕಾ ಉರೋಮಾ, ಎಂದರೆ ಅಜ್ಜಿ ಮತ್ತು ಮುತ್ತಜ್ಜಿ. ಈ ಮನೆಯಲ್ಲಿ ರೆಬೆಕಾಳಿಗೆ ಅಂಜಿಕೆಯಿಲ್ಲದೆ ಒಂದು ಹೆಸರು ಕೊಟ್ಟವಳು ಇವಳೊಬ್ಬಳೇ. ಟೀವಿಯಲ್ಲಿ ಸ್ಟುಡಿಯೋದ ಕಾಡು ಬಂತು. ಆ ತಾಳೆಮರಗಳಲ್ಲಿ ಯಾವುದು ರಟ್ಟು, ಯಾವುದು ನಿಜ ಎಂದು ರೆಬೆಕಾಗೆ ಇನ್ನೂ ಗೊತ್ತಿತ್ತು. ತೋಟದ ಯಜಮಾನ ಜರ್ಮನಿನಲ್ಲಿ ಗದರಿದ, ಅವನ ಹೆಂಡತಿ ಜರ್ಮನಿನಲ್ಲಿ ಅತ್ತಳು, ಬಂಡಾಯದವರು ಪೊದೆಯಿಂದ ಜರ್ಮನಿನಲ್ಲಿ ಕೂಗಿದರು. "ಸ್ವಲ್ಪ ದೊಡ್ಡದು ಮಾಡು ಡೆನಿಸ್." "ಇಷ್ಟೇ ಅಜ್ಜಿ, ಇನ್ನು ಆಗ್ಲಿಕ್ಕಿಲ್ಲ." ಗ್ರೇಸ್ ಕುರ್ಚಿಯ ತುದಿಯಲ್ಲಿ, ಬಸ್ಸಿಗೆ ಕಾಯುವವಳಂತೆ, ಕೈಚೀಲವೊಂದಿಲ್ಲ ಅಷ್ಟೇ, ನೇರವಾಗಿ ಕೂತಿದ್ದಳು. ರೆಬೆಕಾ ಪರದೆಯನ್ನು ನೋಡಲಿಲ್ಲ, ಅವಳನ್ನು ನೋಡಿದಳು.

ಐವತ್ತನಾಲ್ಕರ ಜುಲೈ. ರೆಬೆಕಾಳ ಕೈಚೀಲದಲ್ಲಿ ತಾಯಿಯ ಕಾಗದವಿತ್ತು: ಮಗುವಿಗೆ ಟೈಫಾಯ್ಡ್, ಹನ್ನೆರಡು ದಿನವಾಯಿತು ಜ್ವರ ಇಳಿದಿಲ್ಲ, ಜ್ವರದಲ್ಲಿ ನಿನ್ನನ್ನೇ ಕೇಳುತ್ತಾಳೆ, ಹೇಗಾದರೂ ಬಾ. ಗ್ರೇಸ್‌ಗೆ ಆಗ ಎಂಟು ವರ್ಷ, ಬಿಟ್ಟು ಬಂದಾಗ ಮೂರು. ಆ ಬೆಳಿಗ್ಗೆಯೇ ಸ್ಟುಡಿಯೋದವರು ಹೇಳಿದ್ದರು, ಇವತ್ತು ನಿನ್ನದು ಕ್ಲೋಸಪ್ ಇದೆ ಎಂದು. ಕಾಡಿನ ಆಸ್ಪತ್ರೆಯ ದೃಶ್ಯ. ಸ್ಥಳೀಯ ನರ್ಸ್, ಮಡಿಲಲ್ಲಿ ಸಾಯುತ್ತಿರುವ ಮಗು. ಮಗುವೆಂದರೆ ಬಟ್ಟೆ ಸುತ್ತಿದ ಬೊಂಬೆ. ನಿನ್ನ ಭಾಷೆಯಲ್ಲಿ ಏನಾದರೂ ಹೇಳು, ಏನು ಹೇಳಿದರೂ ನಡೆಯುತ್ತದೆ, ಕಣ್ಣು ಮಾತ್ರ ಒದ್ದೆಯಾಗಬೇಕು ಎಂದರು ನಿರ್ದೇಶಕರು. ಅವಳು ಬೊಂಬೆಯನ್ನು ನೋಡಿ ಹೇಳಿದಳು: "ಗ್ರೇಸೀ, ಅಳಬೇಡ ಮಗಾ. ಈ ಮಳೆಗಾಲ ಮುಗಿಯುವುದರೊಳಗೆ ನಾನು ಬರ್ತೇನೆ. ದೇವರಾಣೆ ಬರ್ತೇನೆ." ಹೇಳಿದ್ದೇ ತಡ ದುಃಖ ಒತ್ತಿ ಬಂದು, ಮೂಗು ಸುರಿದು, ಮೈಯೆಲ್ಲ ನಡುಗಿ ಬೊಂಬೆ ಮಡಿಲಿಂದ ಜಾರಿತು. ಬಹಳ ಜಾಸ್ತಿಯಾಯಿತು, ಇನ್ನೊಮ್ಮೆ ಎಂದರು. ಎರಡನೆಯ ಸಲ ಮೈಕಿನ ನೆರಳು ಬಿತ್ತು. ಮೂರನೆಯ ಸಲ ಅವಳಿಗೆ ಬೆಳಕಿನ ಲೆಕ್ಕ ಗೊತ್ತಾಗಿತ್ತು. ಗಲ್ಲ ಎಷ್ಟು ಎತ್ತಬೇಕು, 'ಮಗಾ' ಎಂಬಲ್ಲಿ ಎಷ್ಟು ತಡೆಯಬೇಕು, ಕಣ್ಣೀರು ಯಾವ ಮಾತಿಗೆ ಉರುಳಬೇಕು. ಆಗ ಮನಸ್ಸಿನಲ್ಲಿ ಗ್ರೇಸ್ ಇರಲಿಲ್ಲ. ಕೆನ್ನೆಯ ಮೇಲಿನ ಹನಿ ಮಾತ್ರ ಇತ್ತು. ಎಲ್ಲರೂ ಚಪ್ಪಾಳೆ ತಟ್ಟಿದರು. ಸಿನೆಮಾದಲ್ಲಿ ಇಟ್ಟುಕೊಂಡದ್ದು ಅದನ್ನೇ. ಮುಂದಿನ ವಾರ ಇನ್ನೊಂದು ಪಾತ್ರಕ್ಕೆ ನೋಡುತ್ತೇವೆ ಎಂದರು, ಊರಿಗೆ ಹೋಗಬೇಕೆಂಬ ಮಾತನ್ನು ಅವಳು ಆ ವಾರಕ್ಕೆ ತಡೆದಿಟ್ಟಳು, ಅಷ್ಟರಲ್ಲಿ ಜ್ವರ ಇಳಿಯಿತೆಂದು ಇನ್ನೊಂದು ಕಾಗದ ಬಂತು. ಆ ಪಾತ್ರ ಸಿಗಲಿಲ್ಲ. ಊರಿಗೂ ಹೋಗಲಿಲ್ಲ. ಸಾಕ್ಷಿ ಸಾಕ್ಷಿ ಎಂದು ಒಂದು ವಾರದಿಂದ ಹೇಳಿಕೊಳ್ಳುತ್ತಿದ್ದಾಳಲ್ಲ, ಅದು ಆ ಮೂರನೆಯ ಸಲದ್ದು ಎಂಬುದನ್ನು ಮಾತ್ರ ತನಗೆ ತಾನೇ ಹೇಳಿಕೊಳ್ಳುತ್ತಿರಲಿಲ್ಲ.

"ಅಜ್ಜಿ, ನೀವು! ನೀವೇ ಅಲ್ವಾ ಅದು?" ಡೆನಿಸ್ ಎದ್ದು ನಿಂತಿದ್ದ. ಪರದೆಯ ತುಂಬ ಇಪ್ಪತ್ತೆಂಟು ವರ್ಷದ ಮುಖ. ಎಷ್ಟು ಚೆನ್ನಾಗಿದೆ ಎಂದು ರೆಬೆಕಾಗೆ ಮೊದಲು ಅನ್ನಿಸಿತು, ಹಾಗನ್ನಿಸಿದ್ದಕ್ಕೆ ಆಮೇಲೆ ಹೇಸಿಗೆಯಾಯಿತು. ತುಟಿ ಬಿಚ್ಚಿತು. ಒಳಗಿಂದ ಹದಿಹರೆಯದ ಹುಡುಗಿಯ ದನಿಯೊಂದು, ಸಿಹಿಯಾಗಿ, ತೆಳ್ಳಗೆ, ಜರ್ಮನಿನಲ್ಲಿ ಏನೋ ಅಂದಿತು. ತುಟಿಗಳು ಗ್ರೇಸೀ ಅಂದವು. ದನಿ ವಾಸರ್ ಅಂದಿತು. ಕಣ್ಣೀರು ಅದರ ಜಾಗದಲ್ಲಿ ಸರಿಯಾಗಿ ಉರುಳಿತು. ನಾಯಕ ಬಾಗಿಲಲ್ಲಿ ಬಂದ, ದೃಶ್ಯ ಮುಗಿಯಿತು.

"ಅಲ್ಲ, ಅದಲ್ಲ," ಅಂದಳು ರೆಬೆಕಾ. ತನ್ನ ದನಿ ಇಷ್ಟು ದೊಡ್ಡದಾಗಿ ಬರುತ್ತದೆಂದು ಅವಳಿಗೇ ಗೊತ್ತಿರಲಿಲ್ಲ. "ನಾನು ಹೇಳಿದ್ದು ಅದಲ್ಲ. ಹಿಂದೆ ಮಾಡು ಡೆನಿಸ್, ಇನ್ನೊಮ್ಮೆ ಹಾಕು."

"ಟೀವಿ ಅಜ್ಜಿ ಇದು, ಹಿಂದೆ ಹೋಗುದಿಲ್ಲ. ಇಲ್ಲಿ ಎಲ್ಲ ಡಬ್ ಮಾಡ್ತಾರೆ, ಒಂದು ಶಬ್ದ ಬಿಡುದಿಲ್ಲ. ಎಂತ ಆಯ್ತು? ಚಂದ ಕಾಣ್ತಿದ್ರಿ ನೀವು, ರಿಯಲೀ."

"ಡಿ ಫ್ರಾವ್ ವಿಲ್ ವಾಸರ್," ಎಂದು ನೆಲದಿಂದ ಲಿಯೋನಾ ತಂದೆಗೆ ತಿಳಿಸಿದಳು. ಆ ಹೆಂಗಸಿಗೆ ನೀರು ಬೇಕಂತೆ. ಆಮೇಲೆ ಉರೋಮಾಳ ಮುಖ ನೋಡಿ, ಎದ್ದು ಅಡಿಗೆಮನೆಗೆ ಓಡಿ, ತನ್ನ ಪ್ಲಾಸ್ಟಿಕ್ ಲೋಟದಲ್ಲಿ ನೀರು ತಂದು ರೆಬೆಕಾಳ ಕೈಗೆ ಹಿಡಿಸಿದಳು. ಎಲ್ಲರೂ ನೋಡುತ್ತಿದ್ದರು. ಬೇರೆ ದಾರಿಯಿಲ್ಲದೆ ರೆಬೆಕಾ ಕುಡಿದಳು.

ಸಿನೆಮಾ ಇನ್ನೂ ಒಂದು ಗಂಟೆ ನಡೆಯಿತು. ಅದರಲ್ಲಿ ಅವಳು ಮತ್ತೆ ಬರಲಿಲ್ಲ. ಮುಗಿದ ಮೇಲೆ ಡೆನಿಸ್ ಮಗಳಿಗೆ ಬೂಟು ಹಾಕಿಸಿ ಆಟದ ಮೈದಾನಕ್ಕೆ ಕರೆದುಕೊಂಡು ಹೋದ. ಗ್ರೇಸ್ ಸ್ಟ್ಯಾಂಡಿನ ಮೇಲೆ ಒಣಗಿದ್ದ ಬಟ್ಟೆಗಳನ್ನು ತೆಗೆದು ಸೋಫಾದ ಮೇಲೆ ಹಾಕಿ ಮಡಚತೊಡಗಿದಳು. ಒಂದು ಅಂಗಿ, ಇನ್ನೊಂದು ಅಂಗಿ. ಈಗ ಹೇಳದಿದ್ದರೆ ಇನ್ನು ಎಂದಿಗೂ ಹೇಳುವುದಿಲ್ಲವೆಂದು ರೆಬೆಕಾಗೆ ಗೊತ್ತಿತ್ತು, ಮುಂದಿನ ಬುಧವಾರ ಲಂಡನ್ನಿನ ವಿಮಾನ. "ಗ್ರೇಸ್," ಅಂದಳು, "ಅಲ್ಲಿ ನಾನು ನೀರು ಕೇಳಿದ್ದಲ್ಲ. ಅಲ್ಲಿ ನಾನು—"

"ಗೊತ್ತುಂಟು."

"ಇಲ್ಲ, ನಿನಗೆ ಹೇಗೆ ಗೊತ್ತಿರ್ತದೆ—"

ಗ್ರೇಸ್ ಲಿಯೋನಾಳ ಫ್ರಾಕಿನ ತೋಳನ್ನು ಒಳಗಿನಿಂದ ಹೊರಕ್ಕೆ ಎಳೆದಳು. ಎಳೆಯುತ್ತಲೇ, ಅಂಗಡಿಗೆ ಹೋಗುವವನಿಗೆ ಸಾಮಾನು ಹೇಳುವ ದನಿಯಲ್ಲಿ ಅಂದಳು: "ಗ್ರೇಸೀ, ಅಳಬೇಡ ಮಗಾ. ಈ ಮಳೆಗಾಲ ಮುಗಿಯುವುದರೊಳಗೆ ನಾನು ಬರ್ತೇನೆ. ದೇವರಾಣೆ ಬರ್ತೇನೆ."

ಒಂದು ಶಬ್ದ ಹೆಚ್ಚಿಲ್ಲ, ಒಂದು ಕಮ್ಮಿಯಿಲ್ಲ.

"ಆ ಪಿಕ್ಚರ್ ನಮ್ಮಲ್ಲಿಗೂ ಬಂದಿತ್ತು," ಅಂದಳು ಗ್ರೇಸ್. "ಫಿಫ್ಟಿ ಸಿಕ್ಸಿನಲ್ಲಿ. ನನಗೆ ಹತ್ತು ವರ್ಷ. ಟಾಕೀಸಿನಲ್ಲಿ ನಾಲ್ಕು ದಿನ ಇತ್ತು. ಚರ್ಚಿನವರು ಸಿನೆಮಾ ನೋಡಬಾರದು ಅಂತ, ಆದ್ರೂ ಅಮ್ಮ ತಲೆಗೆ ಸೆರಗು ಹಾಕಿಕೊಂಡು ನನ್ನನ್ನು ಕರ್ಕೊಂಡು ಹೋದ್ರು, ನಿನ್ನ ತಾಯಿಯ ಮುಖ ಆದ್ರೂ ನೋಡು ಅಂತ. ನಂಗೆ ನಿಮ್ಮ ಮುಖ ನೆನಪಿರ್ಲಿಲ್ಲ. ನೀವು ನನ್ನ ಹೆಸರು ಹಿಡಿದು ಕರೆದ ಮೇಲೇ ಗೊತ್ತಾದದ್ದು, ಇವರೇ ಅಂತ. ಇಡೀ ಟಾಕೀಸಿಗೆ ಕೇಳ್ತು. ನಾಲ್ಕು ದಿನವೂ ಹೋದೆ ನಾನು."

"ಗ್ರೇಸ್—"

"ಅದು ಮೇ ತಿಂಗಳು. ಮಳೆಗಾಲ ಶುರು ಆಗ್ಲಿಕ್ಕಿತ್ತು. ಮಳೆ ಮುಗಿದು ಬೊಂಬಾಯಿ ಸ್ಟೀಮರ್ ಪುನಃ ಶುರುವಾದ ದಿನ ಶಾಲೆ ತಪ್ಪಿಸಿ ಬಂದರಿಗೆ ಹೋದೆ. ಆಮೇಲೆ ಸ್ಟೀಮರ್ ಬರುವ ದಿನ ಎಲ್ಲ ಹೋದೆ. ಎರಡು ವರ್ಷ. ಬಂದರಿನ ಹಮಾಲಿಗಳಿಗೆಲ್ಲ ನನ್ನ ಗುರ್ತ ಆಗಿತ್ತು, ಇವತ್ತೂ ಬರ್ಲಿಲ್ಲ ನಿನ್ನ ತಾಯಿ ಅಂತಿದ್ರು. ಅಮ್ಮ ಹೊಡೆದ್ರು, ಅತ್ತರು, ಸಿನೆಮಾದಲ್ಲಿ ಹೇಳಿದ್ದೆಲ್ಲ ಸುಳ್ಳು ಮಗಾ ಅಂತ ಹೇಳಿದ್ರು. ನಾನು ಹೇಳಿದೆ, ಬೇರೆಯವರು ಇಂಗ್ಲಿಷಿನಲ್ಲಿ ಹೇಳಿದ್ದು ಸುಳ್ಳು. ಇದು ಕನ್ನಡದಲ್ಲಿ ಹೇಳಿದ್ದು." ಗ್ರೇಸ್ ಫ್ರಾಕನ್ನು ಮಡಚಿ, ಅಂಗೈಯಿಂದ ಒತ್ತಿ, ಅಂಗಿಗಳ ಮೇಲಿಟ್ಟಳು. "ಇವತ್ತು ಆ ಮಾತು ಬರುವಾಗ ಎದ್ದು ಹೋಗುವಾ ಅಂತ ಇದ್ದೆ. ಜರ್ಮನಿನಲ್ಲಿ ಬಂತು. ಒಳ್ಳೆದಾಯ್ತು."

ಐವತ್ತು ವರ್ಷ ತಾನು ಜೋಪಾನವಾಗಿ ಇಟ್ಟುಕೊಂಡು ಬಂದ ಒಂದು ಒಳ್ಳೆಯ ವಸ್ತು, ಕೊಡಬೇಕಾದವಳಿಗೆ ಎಂದೋ ತಲುಪಿ, ಅವಳ ಕೈ ಸುಟ್ಟಿತ್ತು. ರೆಬೆಕಾ ಏನಾದರೂ ಹಿಡಿದುಕೊಳ್ಳಲು ನೋಡಿದಳು, ಕೈಯಲ್ಲಿ ಇನ್ನೂ ಮಗುವಿನ ಲೋಟವಿತ್ತು. ಬಂದರಿನ ಕಟ್ಟೆಯ ಮೇಲೆ ಕೂತ ಹತ್ತು ವರ್ಷದ ಹುಡುಗಿಯನ್ನು ಕಾಣಲು ಪ್ರಯತ್ನಿಸಿದಳು, ಆ ಹುಡುಗಿಯ ಮುಖ ಹೇಗಿತ್ತೆಂದು ಅವಳಿಗೆ ಗೊತ್ತಿರಲಿಲ್ಲ. ಕ್ಷಮಿಸು ಎಂಬ ಮಾತು ನಾಲಗೆಯವರೆಗೆ ಬಂದು ಅಲ್ಲೇ ನಿಂತಿತು. ಅದೂ ಕನ್ನಡದ್ದೇ ಮಾತು.

"ಒಂದು ಕೇಳ್ತೇನೆ," ಅಂದಳು ಗ್ರೇಸ್. ಮೊದಲ ಸಲ ಬಟ್ಟೆ ಕೆಳಗಿಟ್ಟು ತಿರುಗಿ ನೋಡಿದ್ದಳು. ಐವತ್ತೇಳರ ಆ ಮುಖದಲ್ಲಿ ಒಂದು ಕ್ಷಣ ಗಾಬರಿಯಂಥದೇನೋ ಕಂಡಿತು, ಉತ್ತರಕ್ಕೆ ಹೆದರುವವಳ ಗಾಬರಿ. "ಕೇಳಿ ಪ್ರಯೋಜನ ಇಲ್ಲ, ಆದ್ರೂ ಕೇಳ್ತೇನೆ. ಅದು ಹೇಳುವಾಗ ನಿಮಗೆ ನಿಜವಾಗಿ ಬರಬೇಕು ಅಂತ ಇತ್ತಾ?"

ಮೊದಲ ಸಲ ಇತ್ತು, ಎಂದು ಹೇಳಬಹುದಿತ್ತು. ಮೂಗು ಸುರಿಯುತ್ತಿದ್ದಾಗ, ಬೊಂಬೆ ಜಾರಿದಾಗ ಇತ್ತು; ನೀನು ನಾಲ್ಕು ದಿನ ನೋಡಿದೆಯಲ್ಲ, ಅದರಲ್ಲಿ ಇರಲಿಲ್ಲ. ಅದು ಪೂರಾ ಸತ್ಯ. ಹೇಳಿದರೆ ಬಹುಶಃ ಗ್ರೇಸ್ ಅಳುತ್ತಿದ್ದಳು, ಬೈಯುತ್ತಿದ್ದಳು, ಬಟ್ಟೆ ಎಸೆದು ಎದ್ದುಹೋಗುತ್ತಿದ್ದಳು, ಅಥವಾ ಒಮ್ಮೆ, ಬೈಯುವುದಕ್ಕಾಗಿಯಾದರೂ, ಅಮ್ಮಾ ಅನ್ನುತ್ತಿದ್ದಳು. ರೆಬೆಕಾ ಲೋಟವನ್ನು ಮೇಜಿನ ಮೇಲಿಟ್ಟಳು.

"ಇತ್ತು," ಅಂದಳು. "ದೇವರಾಣೆ ಇತ್ತು ಮಗಾ."

'ಮಗಾ' ಎಂಬುದಕ್ಕೆ ಮುಂಚೆ ದನಿ ತಾನಾಗಿಯೇ ಎಲ್ಲಿ ತಡೆಯಬೇಕೋ ಅಲ್ಲಿ ತಡೆದಿತ್ತು. ಕಣ್ಣು ತುಂಬಿ ಬಂದಿತ್ತು, ಒಂದು ಹನಿ ಉರುಳಿತು. ಅದು ನಿಜವಾದ ಕಣ್ಣೀರೋ ಅಲ್ಲವೋ ರೆಬೆಕಾಗೆ ತಿಳಿಯಲಿಲ್ಲ. ತಿಳಿದದ್ದು ಒಂದೇ: ಹೇಳಿ ಮುಗಿಸಿದ ಕೂಡಲೇ, ಹೇಗಿತ್ತು ಎಂದು ನೋಡಲು, ತನ್ನ ಕಣ್ಣು ಮಗಳ ಮುಖಕ್ಕೆ ಹೋಗಿತ್ತು. ಮತ್ತು ಮಗಳು ಅದನ್ನು ನೋಡಿಬಿಟ್ಟಿದ್ದಳು.

ಗ್ರೇಸ್ ಮಡಚಿದ ಬಟ್ಟೆಗಳ ರಾಶಿಯನ್ನು ಎದೆಗೆ ಒತ್ತಿಕೊಂಡು ಎದ್ದಳು.

"ಚಂದ ಹೇಳಿದ್ರಿ," ಅಂದಳು.